ಮೀನಿನ ಮೊಟ್ಟೆಗೆ ನಿಜಕ್ಕೂ ಎಷ್ಟು ವಿಷ ತಾಗಿತು?

ಜೀಬ್ರಾಫಿಶ್ ಅನ್ನೋ ಪುಟ್ಟ ಮೀನಿನ ಮೊಟ್ಟೆಗಳ ಮೇಲೆ ವಿಷಪರೀಕ್ಷೆ ಮಾಡೋದು ಅಷ್ಟೇನೂ ಕಷ್ಟವಲ್ಲ. ನೀರಿನಲ್ಲಿ ನಿಜಕ್ಕೂ ಎಷ್ಟು ವಿಷ ಉಳಿದಿದೆ ಅನ್ನೋದನ್ನು ತಿಳಿಯುವುದೇ ಕಷ್ಟ. ನಾನು ಪರೀಕ್ಷಿಸಿದ್ದು ಕ್ಲೋರ್‌ಪೈರಿಫಾಸ್. ಗೆದ್ದಲಿಗೆ ಹೊಡೆಯುವ ಔಷಧಿ ಅಂದರೆ ನಮ್ಮ ರೈತರಿಗೆ ಗೊತ್ತು. ವಿಧಾನ, ಹಲವು ದೇಶಗಳ ಆರ್ಥಿಕ ಸಹಕಾರ ಸಂಸ್ಥೆಯಾದ ಒಇಸಿಡಿ 2013ರಲ್ಲಿ ತಂದ 236ನೇ ಮಾರ್ಗಸೂಚಿಯದು.

ಸಂಜೆ ಗಂಡು, ಹೆಣ್ಣು ಮೀನುಗಳನ್ನು ಒಂದೇ ತೊಟ್ಟಿಗೆ ಬಿಟ್ಟು ನಡುವೆ ತಡೆ ಇಡುತ್ತೇನೆ. ತಳದಲ್ಲಿ ಗಾಜಿನ ಗೋಲಿಗಳು. ಇಲ್ಲದಿದ್ದರೆ ಇಟ್ಟ ಮೊಟ್ಟೆಗಳನ್ನು ತಾವೇ ತಿಂದುಬಿಡುತ್ತವೆ! ಬೆಳಿಗ್ಗೆ ದೀಪ ಹಾಕಿ ತಡೆ ತೆಗೆದರೆ ಸಾಕು, ಮೊಟ್ಟೆ ಇಡುತ್ತವೆ. ಮೊಟ್ಟೆಗೆ ಒಂದೂವರೆ ಗಂಟೆ ಆಗುವುದರೊಳಗೆ ಔಷಧಿಯ ನೀರಿಗೆ ಬಿಡಬೇಕು, ಹಾಗಾಗಿ ಆಮೇಲೆ ಪುರುಸೊತ್ತಿಲ್ಲ. ಬೂಸು ಹಿಡಿಯದಿರಲಿ ಅಂತ ನೀರಿಗೆ ಮೆಥಿಲೀನ್ ಬ್ಲೂ ಹಾಕುವ ರೂಢಿ ಇದೆ. ಪರೀಕ್ಷೆಯಲ್ಲಿ ನಾನು ಹಾಕುವುದಿಲ್ಲ. ಅದೂ ಒಂದು ರಾಸಾಯನಿಕವೇ ಅಲ್ವಾ?

ಕ್ಲೋರ್‌ಪೈರಿಫಾಸ್ ನೀರಿನಲ್ಲಿ ಸರಿಯಾಗಿ ಕರಗುವುದಿಲ್ಲ. ಮೊದಲು ಡಿಎಂಎಸ್‌ಒ ಅನ್ನೋ ದ್ರಾವಕದಲ್ಲಿ ಕರಗಿಸಬೇಕು. ಆ ದ್ರಾವಕ ನೀರಿನಲ್ಲಿ ಶೇ. 0.01 ದಾಟಬಾರದು. ಬರೀ ಅಷ್ಟೇ ಡಿಎಂಎಸ್‌ಒ ಹಾಕಿದ ಕಂಟ್ರೋಲ್, ಅಂದರೆ ಔಷಧಿಯಿಲ್ಲದ ಹೋಲಿಕೆಯ ಗುಂಪು ಕೂಡ ಬೇಕು. ನಿಜವಾದ ತಲೆನೋವು ಪ್ಲಾಸ್ಟಿಕ್ಕಿನದು. ಈ ಔಷಧಿ ಪ್ಲೇಟಿನ ಗೋಡೆಗೆ ಅಂಟಿಕೊಳ್ಳುತ್ತದೆ, ನೀರಿನಲ್ಲಿ ಕಡಿಮೆಯಾಗುತ್ತದೆ. ಅದಕ್ಕೇ ಹಿಂದಿನ ದಿನವೇ 24 ವೆಲ್ (ಸಣ್ಣ ಗುಳಿ) ಇರುವ ಪ್ಲೇಟಿಗೆ ಅದೇ ದ್ರಾವಣ ತುಂಬಿಡುತ್ತೇನೆ. ಮರುದಿನ ಅದನ್ನು ತೆಗೆದು ಹೊಸದು ಹಾಕಿ, ವೆಲ್ಲಿಗೊಂದು ಮೊಟ್ಟೆ. ದಿನಾ ನೀರು ಬದಲಾವಣೆ. ಹೊಸ ನೀರು, ತೆಗೆದ ನೀರು ಎರಡನ್ನೂ ಅಳತೆಗೆ ಕಳಿಸುತ್ತೇನೆ. ಲೆಕ್ಕ ಹಾಕುವುದು ಅಳೆದು ಬಂದ ಅಂಕಿಯಿಂದಲೇ. ಸುಮ್ನೆ ತೂಕ ಮಾಡಿ ಹಾಕಿದ ಅಂಕಿ ಹಿಡಿದರೆ ಔಷಧಿ ಇರುವುದಕ್ಕಿಂತ ಸೌಮ್ಯ ಅಂತ ಕಾಣುತ್ತದೆ.

ಜೊತೆಗೆ, ಮೊಟ್ಟೆಗಳು ವಿಷಕ್ಕೆ ಸ್ಪಂದಿಸುತ್ತವೆಯೇ ಅಂತ ನೋಡಲು, ವಿಷವೆಂದು ಗೊತ್ತಿರುವ 3,4-ಡೈಕ್ಲೋರೋಅನಿಲೀನ್ ಪ್ಲೇಟೂ ಇರುತ್ತದೆ, ಲೀಟರಿಗೆ 4 ಮಿಲಿಗ್ರಾಂ. ಅದರಲ್ಲಿ ಶೇ. 30 ಆದರೂ ಸಾಯಬೇಕು. ಕಂಟ್ರೋಲಿನಲ್ಲಿ ಶೇ. 90 ಬದುಕಬೇಕು.

26 ಡಿಗ್ರಿಯಲ್ಲಿ 96 ಗಂಟೆ. ಸಾವಿನ ಗುರುತು ನಾಲ್ಕು: ಮೊಟ್ಟೆ ಬಿಳಿಯಾಗಿ ಹೆಪ್ಪುಗಟ್ಟುವುದು, ಬೆನ್ನುದ್ದಕ್ಕೂ ಖಂಡಗಳು ಮೂಡದಿರುವುದು, ಬಾಲ ಮೊಟ್ಟೆಯ ಹಳದಿ ಭಾಗದ ಚೀಲದಿಂದ ಬಿಡಿಸಿಕೊಳ್ಳದಿರುವುದು, ಹೃದಯ ಬಡಿಯದಿರುವುದು. ಬೆನ್ನು ಬಾಗಿದ, ಹೃದಯದ ಸುತ್ತ ನೀರು ತುಂಬಿದ, ಮುಟ್ಟಿದರೂ ಓಡದ ಮರಿಯ ಹೃದಯ ಬಡಿಯುತ್ತಿದ್ದರೆ ಅದು ಲೆಕ್ಕದಲ್ಲಿ 'ಬದುಕಿದೆ'. ನನಗಂತೂ ಅದು ಒಪ್ಪಿಗೆಯಾಗುವುದಿಲ್ಲ. ಅಂಥ ಮರಿಗಳಿಗೆ ನನ್ನ ಹಾಳೆಯಲ್ಲಿ ಬೇರೆ ಕಾಲಂ ಇದೆ, ವರದಿಯಲ್ಲೂ ಅದನ್ನು ಬಿಡುವುದಿಲ್ಲ.