ಬೈಬಲ್‌ನ ರೂಪಕಗಳನ್ನು ಓದುವ ಮತ್ತು ಕಲಿಸುವ ಬಗೆ

ಚಿತ್ರದುರ್ಗ, ದಾವಣಗೆರೆ ಕಡೆಯ ಸಭೆಗಳಲ್ಲಿ ಬೈಬಲ್ ಅಧ್ಯಯನ ನಡೆಸುವ ಉಪದೇಶಿಗಳಿಗೆ, ಸಂಡೇ ಸ್ಕೂಲ್ ಶಿಕ್ಷಕರಿಗೆ ಮತ್ತು ಮನೆಯಲ್ಲಿ ಒಬ್ಬರೇ ಕುಳಿತು ಓದುವವರಿಗೆ ನೆರವಾಗಲೆಂದು ಇದನ್ನು ಬರೆಯುತ್ತಿದ್ದೇನೆ. ದೇವರು ಕುರುಬ, ದೇವರು ಬಂಡೆ, ಪಾಪವೆಂದರೆ ಸಾಲ ಎಂಬ ಮಾತುಗಳು ಬಾಲ್ಯದಿಂದಲೇ ಕಿವಿಗೆ ಬಿದ್ದಿರುವುದರಿಂದ ಅವು ರೂಪಕಗಳೆಂಬುದೇ ನಮಗೆ ಮರೆತುಹೋಗಿದೆ. ರೂಪಕವೆಂದು ನೆನಪಿದ್ದಾಗ ನಾವು ಅದನ್ನು ಬಳಸುತ್ತೇವೆ; ಮರೆತಾಗ ಅದೇ ನಮ್ಮ ಆಲೋಚನೆಯನ್ನು ನಡೆಸುತ್ತದೆ.

ಮೊದಲು ಬೈಬಲನ್ನು ಸ್ವಲ್ಪ ಹೊತ್ತು ಬದಿಗಿಟ್ಟು ನಿಮ್ಮ ದಿನದ ಮಾತನ್ನೇ ಗಮನಿಸಿ. ಸಿಟ್ಟು ನೆತ್ತಿಗೇರುತ್ತದೆ, ಆಮೇಲೆ ಇಳಿಯುತ್ತದೆ. ಕೊಟ್ಟ ಮಾತನ್ನು ಉಳಿಸಿಕೊಳ್ಳುತ್ತೇವೆ. ದುಃಖಕ್ಕೆ ಎದೆ ಭಾರವಾಗುತ್ತದೆ, ಮನಸ್ಸು ಕಲ್ಲಾಗುತ್ತದೆ, ಮತ್ತೆ ಕರಗುತ್ತದೆ. ಇವು ಕವಿಗಳ ಅಲಂಕಾರಗಳಲ್ಲ, ಸಂತೆಯಲ್ಲಿ ಆಡುವ ಮಾತುಗಳು. ಕೈಗೆ ಸಿಗದ ಸಂಗತಿಯನ್ನು ಮನುಷ್ಯರು ಕೈಗೆ, ಮೈಗೆ ಗೊತ್ತಿರುವ ಸಂಗತಿಯ ಮೂಲಕವೇ ಹಿಡಿಯುತ್ತಾರೆ ಎಂದು ಭಾಷಾವಿಜ್ಞಾನಿ ಜಾರ್ಜ್ ಲೇಕಾಫ್ ಮತ್ತು ತತ್ವಶಾಸ್ತ್ರಜ್ಞ ಮಾರ್ಕ್ ಜಾನ್ಸನ್ 1980ರಲ್ಲಿ ವಿವರವಾಗಿ ವಾದಿಸಿದರು. ವಾದವನ್ನು ಯುದ್ಧವೆಂದು ಬಗೆದವರು ಗೆಲ್ಲುವುದನ್ನೇ ನೋಡುತ್ತಾರೆ, ವಾದದಲ್ಲಿ ಇಬ್ಬರ ನಡುವೆ ಇರುವ ಸಹಕಾರವನ್ನು ಕಾಣುವುದಿಲ್ಲ ಎಂಬುದು ಅವರ ಪ್ರಸಿದ್ಧ ಉದಾಹರಣೆಯ ಸಾರ. ನಿಮ್ಮ ಗುಂಪಿನವರು ತಮ್ಮ ಮಾತಿನ ಇಂಥ ರೂಪಕಗಳನ್ನು ತಾವೇ ಹುಡುಕಿ ಹೇಳಲಿ. ಆಮೇಲೆ ಯೆಹೆಜ್ಕೇಲನ 36ನೆಯ ಅಧ್ಯಾಯದಲ್ಲಿ ಕಲ್ಲಿನ ಹೃದಯವನ್ನು ತೆಗೆದು ಮಾಂಸದ ಹೃದಯವನ್ನು ಕೊಡುವ ವಾಗ್ದಾನವನ್ನು ಓದಿದರೆ, ಅದು ಎಲ್ಲೋ ದೂರದ ಮಾತೆನಿಸುವುದಿಲ್ಲ.

ಮುಂದಿನ ಹೆಜ್ಜೆಯೆಂದರೆ, ಒಂದು ರೂಪಕವನ್ನು ಹಿಡಿದು ಅದರಿಂದ ಏನು ದೇವರ ಕಡೆಗೆ ದಾಟಿ ಬರುತ್ತದೆ, ಏನು ಇಲ್ಲೇ ಉಳಿಯುತ್ತದೆ ಎಂದು ಕೇಳುವುದು. ಇದಕ್ಕೆ 18ನೆಯ ಕೀರ್ತನೆಗಿಂತ ಒಳ್ಳೆಯ ಪಾಠ ಚಿತ್ರದುರ್ಗದವರಿಗೆ ಸಿಗಲಾರದು. ಯೆಹೋವನು ನನ್ನ ಬಂಡೆ, ನನ್ನ ಕೋಟೆ ಎನ್ನುವ ಈ ಕೀರ್ತನೆಯನ್ನು, ಅನುಕೂಲವಿದ್ದರೆ, ಏಳು ಸುತ್ತಿನ ಕೋಟೆಯ ಮೇಲೆಯೇ ಕುಳಿತು ಓದಿ. ಹುಟ್ಟುಬಂಡೆಗಳ ನಡುವೆಯೇ ಗೋಡೆ ಹೇಗೆ ಎದ್ದಿದೆ, ಮುತ್ತಿಗೆಯ ಕಾಲಕ್ಕೆಂದು ಹೊಂಡಗಳಲ್ಲಿ ನೀರು ಹೇಗೆ ಕೂಡಿಡುತ್ತಿದ್ದರು ಎಂಬುದನ್ನು ನೋಡಿದವರಿಗೆ, ಸೌಲನಿಂದ ಓಡಿ ತಲೆಮರೆಸಿಕೊಂಡಿದ್ದ ದಾವೀದನ ಹೆಸರಿನಲ್ಲಿರುವ ಈ ಹಾಡು ಬರಿಯ ಗಟ್ಟಿತನವನ್ನಷ್ಟೇ ಅಲ್ಲ, ಅಡಗಲು ಜಾಗ, ಕುಡಿಯಲು ನೀರು, ಉಸಿರಾಡಲು ಬಿಡುವು ಇವನ್ನೂ ಹೇಳುತ್ತಿದೆಯೆಂದು ತಿಳಿಯುತ್ತದೆ. ಆದರೆ ಬಂಡೆಗೆ ಕಿವಿಯಿಲ್ಲ. ಅದೇ ಕೀರ್ತನೆ ಕೆಲವೇ ವಚನಗಳ ನಂತರ ದೇವರು ಕೂಗನ್ನು ಕೇಳಿದನು, ಆಕಾಶವನ್ನು ತಗ್ಗಿಸಿ ಇಳಿದುಬಂದನು ಎನ್ನುತ್ತದೆ. ಅಂದರೆ ಬಂಡೆಯ ರೂಪಕ ಎಲ್ಲಿ ನಿಲ್ಲಬೇಕೆಂಬುದನ್ನು ಕೀರ್ತನೆಕಾರನೇ ತೋರಿಸಿದ್ದಾನೆ. ಈ ಕೋಟೆಗೂ ಒಂದು ಕಿಂಡಿಯಿತ್ತು, 1779ರಲ್ಲಿ ಇದೂ ಹೈದರಾಲಿಯ ವಶವಾಯಿತು, ಹಾಗಾದರೆ ದೇವರು ಕೋಟೆ ಎಂಬುದಕ್ಕೆ ಏನು ಬೆಲೆ ಎಂದು ಯಾರಾದರೂ ಕೇಳಿದರೆ ಆ ಪ್ರಶ್ನೆಯನ್ನು ತಳ್ಳಿಹಾಕಬೇಡಿ. ಕ್ರಿ.ಪೂ. 586ರ ಸುಮಾರಿಗೆ ಯೆರೂಸಲೇಮಿನ ಗೋಡೆಗಳು ಕೆಡವಲ್ಪಟ್ಟ ಮೇಲೂ ಜನರು ಈ ಹಾಡುಗಳನ್ನು ಕೈಬಿಡಲಿಲ್ಲ. ದೇವರನ್ನು ಕೋಟೆಯೆಂದು ಕರೆದವರು ಕೋಟೆಗಳು ಬೀಳುವುದನ್ನು ಕಣ್ಣಾರೆ ಕಂಡವರೇ.

ಹದಿಮೂರನೆಯ ಶತಮಾನದ ದೈವಶಾಸ್ತ್ರಜ್ಞ ಥಾಮಸ್ ಅಕ್ವಿನಾಸ್, ಧರ್ಮಗ್ರಂಥವು ದೇವರ ಬಗ್ಗೆ ಹೇಳಲು ಕಲ್ಲಿನಂಥ ಕೀಳು ವಸ್ತುಗಳನ್ನು ಬಳಸುವುದೇ ಹೆಚ್ಚು ಉಚಿತವೆಂದನು. ದೇವರು ನಿಜಕ್ಕೂ ಕಲ್ಲೆಂದು ಯಾರೂ ಮೋಸಹೋಗುವುದಿಲ್ಲ. ಅಪಾಯವಿರುವುದು ಘನವಾದ ರೂಪಕಗಳಲ್ಲಿ. ರಾಜ, ಒಡೆಯ ಎಂಬಲ್ಲಿ ನಾವು ನೋಡಿರುವ ಒಡೆಯರ ಮುಖವೇ ದೇವರ ಮೇಲೆ ಅಂಟಿಕೊಳ್ಳುತ್ತದೆ.

ಕುರುಬನ ರೂಪಕಕ್ಕೆ ಹೆಚ್ಚು ಸಮಯ ಕೊಡಿ. ಚಳ್ಳಕೆರೆ, ಹಿರಿಯೂರು ಕಡೆ ಕುರಿ ಕಾಯುವವರು ಇನ್ನೂ ಇದ್ದಾರೆ; 23ನೆಯ ಕೀರ್ತನೆಯನ್ನು ಕಲಿಸುವ ಮುನ್ನ ಅವರಲ್ಲೊಬ್ಬರನ್ನು ಮಾತಾಡಿಸಿ. ಬೇಸಿಗೆಯಲ್ಲಿ ಮೇವು, ನೀರು ಹುಡುಕಿ ಎಷ್ಟು ದೂರ ನಡೆಯುತ್ತೀರಿ, ಮರಿ ಹಾಕಿದ ಕುರಿಯನ್ನು ಹೇಗೆ ಕರೆದೊಯ್ಯುತ್ತೀರಿ, ತೋಳ ಬಂದಾಗ ಏನು ಮಾಡುತ್ತೀರಿ ಎಂದು ಕೇಳಿ. ಹಸಿರು ಹುಲ್ಲುಗಾವಲಿನ ಚಿತ್ರಪಟ ನೋಡಿ ಬೆಳೆದ ಮಕ್ಕಳಿಗೆ, ಯೂದಾಯದ ಒಣಗುಡ್ಡಗಳು ಚಳ್ಳಕೆರೆಯ ಬಯಲಿನಂಥವೇ, ಅಲ್ಲಿ ಹುಲ್ಲು ಸಿಗುವುದೇ ಕಾಯುವವನ ಜಾಣ್ಮೆಯಿಂದ ಎಂಬುದು ಆಗ ಅರ್ಥವಾಗುತ್ತದೆ. ಹಾಗೆಯೇ, ಕುರಿ ಸಾಕುವವರು ಉಣ್ಣೆ ಕತ್ತರಿಸುತ್ತಾರೆ, ಮಾಂಸಕ್ಕೂ ಮಾರುತ್ತಾರೆ. ಅದು ಅವರ ಬದುಕು. ಈ ಭಾಗ ದೇವರಿಗೆ ದಾಟುವುದಿಲ್ಲ. ಮನುಷ್ಯ ನಾಯಕರಿಗೆ ಮಾತ್ರ ಅದು ದಾಟಿಬಿಡುತ್ತದೆಂದು ಯೆಹೆಜ್ಕೇಲನ 34ನೆಯ ಅಧ್ಯಾಯ ಎಚ್ಚರಿಸುತ್ತದೆ: ಕೊಬ್ಬನ್ನು ತಿಂದು, ಉಣ್ಣೆಯನ್ನು ಹೊದ್ದು, ಮಂದೆಯನ್ನು ಮೇಯಿಸದ ಕುರುಬರನ್ನು ಅಲ್ಲಿ ದೇವರೇ ಖಂಡಿಸುತ್ತಾನೆ. ಸಭಾಪಾಲಕರು ಕುರುಬರು, ಜನರು ಕುರಿಗಳು ಎಂಬ ಮಾತಿನಿಂದ ಜನರು ಪ್ರಶ್ನೆ ಕೇಳುವ ಹಕ್ಕನ್ನೇ ಕಳೆದುಕೊಂಡಿರುವ ಸಭೆಯಲ್ಲಿ ಈ ಅಧ್ಯಾಯವನ್ನು ತಪ್ಪದೆ ಓದಬೇಕೆಂಬುದು ನನ್ನ ದೃಢವಾದ ಅಭಿಪ್ರಾಯ. ಯೋಹಾನನ 15ನೆಯ ಅಧ್ಯಾಯದಲ್ಲಿ ಯೇಸು ಶಿಷ್ಯರನ್ನು ಸ್ನೇಹಿತರೆಂದು ಕರೆಯುತ್ತಾನೆ. ಕುರಿಗೆ ಕುರುಬ ಸ್ನೇಹಿತನಾಗುವುದುಂಟೇ? ಪ್ರಕಟನೆಯ 7ನೆಯ ಅಧ್ಯಾಯದಲ್ಲಂತೂ ಕುರಿಮರಿಯೇ ಕುರುಬನಾಗುತ್ತದೆ.

ಪಾಪದ ರೂಪಕಗಳಲ್ಲಿ ಇನ್ನೂ ಹೆಚ್ಚು ಎಚ್ಚರ ಬೇಕು, ಏಕೆಂದರೆ ರೋಗವನ್ನು ಹೆಸರಿಸಿದ ಹಾಗೆ ಮದ್ದೂ ನಿಶ್ಚಯವಾಗುತ್ತದೆ. 38ನೆಯ ಕೀರ್ತನೆಯಂತೆ ಪಾಪ ಹೊರೆಯಾದರೆ ಬೇಕಾದವನು ಹೊರುವವನು. 51ನೆಯ ಕೀರ್ತನೆಯಂತೆ ಕಲೆಯಾದರೆ ತೊಳೆಯುವವನು. ಮತ್ತಾಯ 18ರಂತೆ ಸಾಲವಾದರೆ ಮನ್ನಾ ಮಾಡುವವನು. ಮಾರ್ಕ 2ರಂತೆ ಕಾಯಿಲೆಯಾದರೆ ವೈದ್ಯ. ಹರಿಹರದ ಆರೋಗ್ಯ ಮಾತೆಯ ಬೆಸಿಲಿಕಾಕ್ಕೆ ಹೋಗಿಬರುವ ಭಕ್ತರು ಈ ಕೊನೆಯ ರೂಪಕವನ್ನು ಯಾರೂ ಕಲಿಸದೆಯೇ ಬಲ್ಲರು. ಸಭೆಯ ಇತಿಹಾಸದಲ್ಲೂ ಹೀಗೆಯೇ ನಡೆದಿದೆ. ನಾಲ್ಕನೆಯ ಶತಮಾನದ ಬಿಷಪ್ ನಿಸ್ಸಾದ ಗ್ರೆಗೊರಿ ಶಿಲುಬೆಯನ್ನು ಸೈತಾನನಿಗೆ ಕೊಟ್ಟ ಬಿಡುಗಡೆಯ ಬೆಲೆಯಾಗಿ ವಿವರಿಸಿದರೆ, 1098ರಲ್ಲಿ ಕ್ಯಾಂಟರ್ಬರಿಯ ಆರ್ಚ್‌ಬಿಷಪ್ ಆನ್ಸೆಲ್ಮ್, ಒಡೆಯನ ಮಾನಕ್ಕೆ ಕುಂದು ತಂದವನು ಅದನ್ನು ತುಂಬಿಕೊಡಬೇಕಾದ ತನ್ನ ಕಾಲದ ಸಮಾಜದ ನೆರಳಿನಲ್ಲಿ ಅದೇ ಶಿಲುಬೆಯನ್ನು ತೀರಿಸಬೇಕಾದ ಬಾಕಿಯಾಗಿ ಕಂಡನು.

ಸಾಲದ ರೂಪಕವನ್ನು ಮಂಡಿಯ ಸಾಲದಲ್ಲಿ ನರಳಿದ ರೈತ ಕುಟುಂಬದ ಮುಂದೆ ಹೇಳುವಾಗ ದೇವರು ಸಾಹುಕಾರನಾಗಿ ಕಾಣದಂತೆ ನೋಡಿಕೊಳ್ಳಿ. ಮತ್ತಾಯ 18ರ ಸಾಮ್ಯದಲ್ಲಿ, ರಾಜನಿಂದ ದೊಡ್ಡ ಸಾಲ ಮನ್ನಾ ಮಾಡಿಸಿಕೊಂಡ ಸೇವಕನು ತನ್ನ ಜೊತೆಗಾರನ ಸಣ್ಣ ಸಾಲವನ್ನು ಬಿಡುವುದಿಲ್ಲ; ಅದರ ಲೆಕ್ಕವನ್ನು ಬೋರ್ಡಿನ ಮೇಲೆ ಬರೆಯಿರಿ. ಒಂದು ತಲಾಂತಿಗೆ ಸುಮಾರು 6,000 ದಿನಾರಿ, ಒಂದು ದಿನಾರಿ ಒಂದು ದಿನದ ಕೂಲಿ. ಆದ್ದರಿಂದ 10,000 ತಲಾಂತು ಎಂದರೆ 6 ಕೋಟಿ ದಿನಗಳ ಕೂಲಿ, ಅವನು ಕ್ಷಮಿಸದೆ ಹೋದ ಜೊತೆಗಾರನ ಸಾಲ 100 ದಿನಗಳದ್ದು. ತೀರಿಸಲಾಗದ ಸಾಲವೆಂಬುದು ಗೊತ್ತಾಗಲೆಂದೇ ಕಥೆಯಲ್ಲಿ ಅಷ್ಟು ದೊಡ್ಡ ಮೊತ್ತವಿದೆ. ಸಾಲ ಮನ್ನಾ ಆದಾಗ ಆ ನಷ್ಟವನ್ನು ಯಾರೋ ಹೊರಲೇಬೇಕೆಂಬುದು ನಮ್ಮ ರೈತರಿಗೆ ಗೊತ್ತಿದೆ. ಶಿಲುಬೆಯ ಮಾತನ್ನು ಅಲ್ಲಿಂದ ಆರಂಭಿಸಬಹುದು.

ಕಲೆಯ ರೂಪಕ ನಮ್ಮ ನೆಲದಲ್ಲಿ ಅತ್ಯಂತ ಸೂಕ್ಷ್ಮವಾದದ್ದು. ಹುಟ್ಟಿನಿಂದಲೇ ಮೈಲಿಗೆಯೆಂದು ಕರೆಸಿಕೊಂಡ ಮನೆತನಗಳವರು ನಮ್ಮ ಸಭೆಗಳಲ್ಲಿ ಕುಳಿತಿರುವಾಗ, ನೀವು ಅಶುದ್ಧರು, ತೊಳೆದುಕೊಳ್ಳಿ ಎಂಬ ಮಾತು ಊರು ಆಡಿದ ಹಳೆಯ ಮಾತಿನಂತೆಯೇ ಅವರಿಗೆ ಕೇಳಿಸೀತು. ಯೆಶಾಯನ ಮೊದಲನೆಯ ಅಧ್ಯಾಯವನ್ನು ಪೂರ್ತಿ ಓದಿ. ಅಲ್ಲಿ ಕಡುಗೆಂಪಾಗಿರುವುದು ಬಲಿಷ್ಠರ ಕೈಗೆ ಮೆತ್ತಿದ ರಕ್ತ. ತೊಳೆದುಕೊಳ್ಳಿ ಎಂದ ಕೂಡಲೇ ಪ್ರವಾದಿ ಹೇಳುವುದು ಅನಾಥನಿಗೆ ನ್ಯಾಯ ದೊರಕಿಸಿ, ವಿಧವೆಯ ಪರವಾಗಿ ವಾದಿಸಿ ಎಂದು. ಕಲೆ ಅಂಟಿರುವುದು ಕೃತ್ಯಕ್ಕೇ ಹೊರತು ಹುಟ್ಟಿಗಲ್ಲ.

ಯಾವುದೇ ರೂಪಕವನ್ನು ಒಂಟಿಯಾಗಿ ಬಿಡಬಾರದು. ಹೋಶೇಯನ 13ನೆಯ ಅಧ್ಯಾಯದಲ್ಲಿ ದೇವರು ಮರಿ ಕಳೆದುಕೊಂಡ ಕರಡಿಯಂತೆ ಮೇಲೆ ಬೀಳುತ್ತಾನೆ. ಕರಡಿಗಳಿರುವ ಜೋಗಿಮಟ್ಟಿ ಕಾಡಿನ ಸುತ್ತಲಿನವರಿಗೆ ಈ ಮಾತನ್ನು ವಿವರಿಸುವ ಅಗತ್ಯವಿಲ್ಲ. ಯೆಶಾಯ 42ರಲ್ಲಿ ಅದೇ ದೇವರು ಹೆರುವ ಹೆಂಗಸಿನಂತೆ ಕೂಗುತ್ತಾನೆ. ನೆರೆಯ ಪರಂಪರೆಯ ರೂಪಕದ ಪಕ್ಕದಲ್ಲಿಟ್ಟು ನೋಡುವುದೂ ಒಳ್ಳೆಯದು: ದೇಹವೇ ದೇಗುಲವೆಂದ ಬಸವಣ್ಣನವರ ಮಾತು ಉಳ್ಳವರು ಕಟ್ಟಿಸುವ ಗುಡಿಯ ಎದುರು ನಿಲ್ಲುತ್ತದೆ, ಕೊರಿಂಥದವರಿಗೆ ಪೌಲನು ಬರೆದ, ದೇಹವು ಪವಿತ್ರಾತ್ಮನ ಆಲಯವೆಂಬ ಮಾತು ದೇಹದ ನಡತೆಯ ಕಡೆಗೆ ತಿರುಗುತ್ತದೆ. ಒಂದೇ ಚಿತ್ರ, ಕೆಲಸ ಬೇರೆ.

ಎಲ್ಲವನ್ನೂ ರೂಪಕವೆಂದು ಸಾರಲೂ ಹೋಗಬೇಡಿ. ಕಡೆಯ ಭೋಜನದಲ್ಲಿ ರೊಟ್ಟಿಯನ್ನು ಕುರಿತು ಯೇಸು ಹೇಳಿದ “ಇದು ನನ್ನ ದೇಹ” ಎಂಬ ಮಾತನ್ನು ಹೇಗೆ ತಿಳಿಯಬೇಕೆಂಬುದರ ಮೇಲೆ 1529ರಲ್ಲಿ ಜರ್ಮನಿಯ ಮಾರ್ಬುರ್ಗ್‌ನಲ್ಲಿ ಪ್ರೊಟೆಸ್ಟೆಂಟ್ ಸುಧಾರಕರಾದ ಲೂಥರ್ ಮತ್ತು ಜ್ವಿಂಗ್ಲಿ ಒಂದಾಗಲಾರದೆ ಹೋದರು. ಲೂಥರ್ ಆ ಮಾತನ್ನು ಮೇಜಿನ ಮೇಲೆ ಸೀಮೆಸುಣ್ಣದಿಂದ ಬರೆದಿಟ್ಟಿದ್ದನು. ಗುಂಪಿನಲ್ಲಿ ಕಥೋಲಿಕರೂ ಪ್ರೊಟೆಸ್ಟೆಂಟರೂ ಇದ್ದರೆ ಅವರವರ ಸಭೆಯ ಬೋಧನೆಯನ್ನು ಅವರೇ ಹೇಳಲಿ. ತಂದೆ ಎಂಬುದನ್ನು ಬರಿಯ ರೂಪಕವೆನ್ನಲು ಅನೇಕ ದೈವಶಾಸ್ತ್ರಜ್ಞರು ಒಪ್ಪುವುದಿಲ್ಲ. ಆದರೂ ಕುಡಿದು ಬಂದು ಹೊಡೆಯುವ ತಂದೆಯನ್ನಷ್ಟೇ ಕಂಡ ಮಗು ನಿಮ್ಮ ತರಗತಿಯಲ್ಲಿದ್ದರೆ, ಪರಲೋಕದ ತಂದೆಯ ಪಾಠವನ್ನು ಮುಂದಿನ ವಾರಗಳಿಗೆ ಇಟ್ಟುಕೊಂಡು, ಮತ್ತಾಯ 23ರಲ್ಲಿ ಯೇಸು ತನ್ನನ್ನು ಮರಿಗಳನ್ನು ರೆಕ್ಕೆಯಡಿ ಸೇರಿಸಿಕೊಳ್ಳುವ ಕೋಳಿಗೆ ಹೋಲಿಸಿಕೊಂಡ ವಚನದಿಂದ ಆರಂಭಿಸಿ.