ಒಕೊನೊಮಿಯಾಕಿ: ಎಲೆಕೋಸು ಹಿಡಿದುಕೊಳ್ಳುವಷ್ಟೇ ಹಿಟ್ಟು

ಇಬ್ಬರಿಗೆ 100 ಗ್ರಾಂ ಮೈದಾ, 300 ಗ್ರಾಂ ಎಲೆಕೋಸು. ಒಸಾಕಾದ ನನ್ನ ಅಡುಗೆಮನೆಯಲ್ಲಿ ಒಕೊನೊಮಿಯಾಕಿ, ಅಂದರೆ ಹಿಟ್ಟಿಗೆ ಕೋಸು ಕಲಸಿ ಕಾದ ಹಂಚಿನ ಮೇಲೆ ಬೇಯಿಸುವ ಜಪಾನಿನ ದಪ್ಪ ದೋಸೆ, ಶುರುವಾಗುವುದು ಈ ಲೆಕ್ಕದಿಂದ. ಊರಿನಿಂದ ಬಂದವರು ಬಟ್ಟಲಿನೊಳಗೆ ಇಣುಕಿ, "ಹಿಟ್ಟು ಸಾಲದು, ಇನ್ನೊಂದಿಷ್ಟು ಹಾಕಿ" ಎನ್ನುತ್ತಾರೆ. ನಾನು ಹಾಕುವುದಿಲ್ಲ. ಇಲ್ಲಿ ತಿನ್ನುವುದು ಕೋಸನ್ನು; ಚೂರುಗಳು ಒಂದನ್ನೊಂದು ಬಿಡದಿರಲು ಬೇಕಾದಷ್ಟೇ ಹಿಟ್ಟು ಇರಬೇಕು. ಹಿಟ್ಟು ಹೆಚ್ಚಿದರೆ ತರಕಾರಿ ಹಾಕಿದ ಮೈದಾ ರೊಟ್ಟಿಯಾಗುತ್ತದೆ, ನಡುವೆ ಜಿಗುಟು ಉಳಿಯುತ್ತದೆ.

ಕೋಸು ಹೆಚ್ಚುವುದಕ್ಕೆ ನಾನು ತೆಗೆದುಕೊಳ್ಳುವಷ್ಟು ಸಮಯವನ್ನು ಬೇರೆ ಯಾವ ಹಂತಕ್ಕೂ ಕೊಡುವುದಿಲ್ಲ. ಜಪಾನಿನಲ್ಲಿ ಚಳಿಗಾಲದ ಕೋಸು ಚಪ್ಪಟೆಯಾಗಿ, ಬಿಗಿಯಾಗಿ, ಸಿಹಿಯಾಗಿರುತ್ತದೆ; ವಸಂತದಲ್ಲಿ ಬರುವುದರ ಎಲೆ ಸಡಿಲ, ನೀರಿನಂಶ ಹೆಚ್ಚು. ನನಗೆ ಇಷ್ಟ ಚಳಿಗಾಲದ್ದು. ವಸಂತದ ಕೋಸಾದರೆ ಹಿಟ್ಟನ್ನು ಸ್ವಲ್ಪ ಗಟ್ಟಿಯಾಗಿಯೇ ಕಲಸುತ್ತೇನೆ. ಎಲೆಗಳನ್ನು ಬಿಡಿಸಿ, ಹೆಚ್ಚುವ ಮೊದಲೇ ತೊಳೆದು, ಬಟ್ಟೆಯಲ್ಲಿ ಒತ್ತಿ ಒರೆಸುತ್ತೇನೆ. ಆಮೇಲೆ ಅರ್ಧ ಸೆಂಟಿಮೀಟರ್ ಅಗಲದ ಎಳೆಗಳಾಗಿ ಸೀಳಿ, ಅವನ್ನು ಅಡ್ಡಲಾಗಿ ಒಂದು ಸೆಂಟಿಮೀಟರ್ ಉದ್ದಕ್ಕೆ ಕತ್ತರಿಸುತ್ತೇನೆ. ನಡುವಿನ ದಪ್ಪ ದಂಟನ್ನು ಎಸೆಯುವುದಿಲ್ಲ. ಕಾಗದದಷ್ಟು ತೆಳ್ಳಗೆ ಹೆಚ್ಚಿ ಸೇರಿಸುತ್ತೇನೆ, ಸಿಹಿ ಇರುವುದು ಅದರಲ್ಲೇ. ತೀರಾ ಸಣ್ಣಗೆ ಹೆಚ್ಚಿದರೆ ನೀರು ಬಿಟ್ಟುಕೊಂಡು ಮುದ್ದೆಯಾಗುತ್ತದೆ, ದಪ್ಪಗೆ ಹೆಚ್ಚಿದರೆ ಮಗುಚುವಾಗ ಒಡೆಯುತ್ತದೆ. ಕೋಸಿಗೆ ಮೊದಲೇ ಉಪ್ಪು ಹಾಕಲೇಬಾರದು.

ಹಿಟ್ಟು ಕಲಸಲು ನೀರಿನ ಬದಲು ದಾಶಿ, 100 ಮಿಲಿಲೀಟರ್. ಕೊಂಬು ಎಂಬ ಕಡಲಕಳೆಯನ್ನು ರಾತ್ರಿಯೇ ನೀರಿನಲ್ಲಿ ನೆನೆಹಾಕಿ, ಬೆಳಿಗ್ಗೆ ಕಾಯಿಸಿ, ಕುದಿ ಬರುವ ಮುಂಚೆ ತೆಗೆದು, ಕತ್ಸುವೊಬುಶಿ, ಅಂದರೆ ಹೊಗೆಯಲ್ಲಿ ಒಣಗಿಸಿದ ಮೀನಿನ ಹೆರೆ, ಹಾಕಿ ಸೋಸಿದರೆ ದಾಶಿ ಸಿದ್ಧ. ಅದು ಪೂರ್ತಿ ಆರಿದ ಮೇಲೆಯೇ ಮೈದಾಕ್ಕೆ ಬೆರೆಸಬೇಕು. ಇದಕ್ಕೆ 50–60 ಗ್ರಾಂ ನಾಗಾಇಮೊ ತುರಿದು ಸೇರಿಸುತ್ತೇನೆ. ಇದು ಉದ್ದನೆಯ ಬಿಳಿ ಗೆಣಸು. ತುರಿದರೆ ಲೋಳೆಯಾಗಿ, ಚಮಚ ಎತ್ತಿದಷ್ಟೂ ಎಳೆಯಾಗಿ ಬರುತ್ತದೆ. ಗಾಳಿಯನ್ನು ಹಿಡಿದಿಟ್ಟು ಒಕೊನೊಮಿಯಾಕಿಯನ್ನು ಹಗುರಗೊಳಿಸುವುದು ಈ ಲೋಳೆಯೇ. ಸಿಪ್ಪೆಯ ಬಳಿ ಕ್ಯಾಲ್ಸಿಯಂ ಆಕ್ಸಲೇಟಿನ ಸೂಜಿಯಂಥ ಹರಳುಗಳಿರುವುದರಿಂದ ಕೈ ತುರಿಸುತ್ತದೆ. ಕೈಗೆ ವಿನೆಗರ್ ನೀರು ಸವರಿಕೊಂಡು ಹಿಡಿದರೆ ತೊಂದರೆಯಿಲ್ಲ. ಕಲಸಿದ ಹಿಟ್ಟನ್ನು ಒಂದು ಗಂಟೆ ಫ್ರಿಜ್ಜಿನಲ್ಲಿಡುತ್ತೇನೆ.

ಇಲ್ಲಿಂದ ಮುಂದೆ ಎಲ್ಲವೂ ಒಬ್ಬೊಬ್ಬರ ಪಾಲಿನದು. ಇಡೀ ಕೋಸನ್ನು ಒಟ್ಟಿಗೆ ಕಲಸಿಟ್ಟರೆ ಎರಡನೆಯದನ್ನು ಬೇಯಿಸುವ ಹೊತ್ತಿಗೆ ಅದು ನೀರು ಬಿಟ್ಟಿರುತ್ತದೆ. ಅದಕ್ಕೇ ಒಂದು ಬಟ್ಟಲಿಗೆ ಅರ್ಧ ಹಿಟ್ಟು, ಅರ್ಧ ಕೋಸು, ಒಂದು ಮೊಟ್ಟೆ, ಹೆಚ್ಚಿದ ಈರುಳ್ಳಿ ಸೊಪ್ಪು, ಚಿಟಿಕೆ ಉಪ್ಪು, ಉಪ್ಪಿನಕಾಯಿ ಹಾಕಿದ ಕೆಂಪು ಶುಂಠಿ, ಎರಡು ಚಮಚ ತೆಂಕಾಸು. ತೆಂಕಾಸು ಎಂದರೆ ಟೆಂಪುರಾವನ್ನು (ಹಿಟ್ಟಿನಲ್ಲಿ ಅದ್ದಿದ ತರಕಾರಿ, ಮೀನು) ಕರಿಯುವಾಗ ಎಣ್ಣೆಯಲ್ಲಿ ಉಳಿಯುವ ಹಿಟ್ಟಿನ ಗರಿಗರಿ ಹನಿಗಳು. ಅಂಗಡಿಯಲ್ಲಿ ಸಿಗದ ಕಡೆ ಮೈದಾವನ್ನು ತಣ್ಣೀರಿನಲ್ಲಿ ತೆಳ್ಳಗೆ ಕಲಸಿ, ಕಾದ ಎಣ್ಣೆಗೆ ಹನಿಹನಿಯಾಗಿ ಬಿಟ್ಟು ಮಾಡಿಕೊಳ್ಳಬಹುದು. ಚಮಚವನ್ನು ತಳಕ್ಕೆ ಇಳಿಸಿ ಮೇಲಕ್ಕೆತ್ತುತ್ತಾ, ಗಾಳಿ ಸೇರುವ ಹಾಗೆ ಕಲಸಬೇಕು. ಗರಗರ ತಿರುಗಿಸಬಾರದು.

ಎಲೆಕ್ಟ್ರಿಕ್ ಹಾಟ್ ಪ್ಲೇಟಿನಲ್ಲಿ 200 ಡಿಗ್ರಿ ಇಟ್ಟು, ತೆಳುವಾಗಿ ಎಣ್ಣೆ ಸವರಿ, ಮಿಶ್ರಣವನ್ನು ಸುರಿದು ಎರಡು ಸೆಂಟಿಮೀಟರ್ ದಪ್ಪಕ್ಕೆ ದುಂಡಗೆ ಮಾಡುತ್ತೇನೆ. ಮೇಲೆ ತೆಳ್ಳನೆಯ ಹಂದಿಮಾಂಸದ ಪಟ್ಟಿಗಳು. ನಾಲ್ಕೈದು ನಿಮಿಷದಲ್ಲಿ ಅಂಚು ಒಣಗಿದಂತೆ ಕಾಣುತ್ತದೆ. ಆಗ ಎರಡು ಕಡೆಯಿಂದ ಎರಡು ಸಟ್ಟುಗ ತೂರಿಸಿ ಒಂದೇ ಏಟಿಗೆ ಮಗುಚಬೇಕು. ಮಾಂಸದ ಕೊಬ್ಬು ಕಾದ ಲೋಹಕ್ಕೆ ತಾಗಿ ಚುರ್ ಎಂದಾಗ ಸಟ್ಟುಗದಿಂದ ಒತ್ತುವ ಆಸೆ ಎಂಥವರಿಗೂ ಬರುತ್ತದೆ. ಒತ್ತಬೇಡಿ. ಅಷ್ಟು ಹೊತ್ತು ಕಾಪಾಡಿಕೊಂಡು ಬಂದ ಗಾಳಿಯೆಲ್ಲ ಆ ಒಂದು ಒತ್ತಿಗೆ ಹೊರಟುಹೋಗುತ್ತದೆ. ಐದು ನಿಮಿಷ ಹಾಗೇ ಬಿಟ್ಟು, ಇನ್ನೊಮ್ಮೆ ಮಗುಚಿ ಎರಡು ಮೂರು ನಿಮಿಷ ಬೇಯಿಸಿದರೆ ಆಯಿತು.

ಮೇಲೆ ಒಕೊನೊಮಿ ಸಾಸ್, ಮೇಯೊನೇಸ್, ಒಣಗಿಸಿದ ಹಸಿರು ಕಡಲಕಳೆಯ ಪುಡಿ, ಕತ್ಸುವೊಬುಶಿ. ಹೆರೆ ಎಷ್ಟು ತೆಳುವೆಂದರೆ ಕೆಳಗಿನ ಬಿಸಿ ಹಬೆಗೆ ಮೈ ತಿರುಚುತ್ತಾ ಅಲುಗಾಡುತ್ತದೆ. ಮಕ್ಕಳು ತಿನ್ನುವುದನ್ನು ಬಿಟ್ಟು ಅದನ್ನೇ ನೋಡುತ್ತಾರೆ. ಸಾಸಿನಲ್ಲಿ ಹೆಸರಾದದ್ದು ಹಿರೋಶಿಮಾದ ಒತಾಫುಕು ಕಂಪನಿಯದು, ಒಕೊನೊಮಿಯಾಕಿಗೆಂದೇ 1952ರಲ್ಲಿ ಬಂದದ್ದು. ಅದರ ಸಿಹಿಗೆ ಖರ್ಜೂರವೂ ಒಂದು ಕಾರಣ. ಮನೆಯಲ್ಲಿ ಮಾಡುವುದಾದರೆ ಟೊಮೆಟೊ ಕೆಚಪ್ ಮತ್ತು ವೋರ್ಸ್ಟರ್ ಸಾಸ್ ಸಮಸಮ ಬೆರೆಸಿ, ಸ್ವಲ್ಪ ಸೋಯಾ ಸಾಸ್ ಮತ್ತು ನೆನೆಸಿ ಅರೆದ ಖರ್ಜೂರ ಹಾಕಿ ಕುದಿಸುತ್ತೇನೆ.

ಹಿರೋಶಿಮಾದವರ ಮುಂದೆ ಇದನ್ನೇ ಒಕೊನೊಮಿಯಾಕಿ ಎಂದರೆ ಒಪ್ಪುವುದಿಲ್ಲ. ಅಲ್ಲಿ ಕಲಸುವುದೇ ಇಲ್ಲ. ತೆಳ್ಳನೆಯ ಹಿಟ್ಟಿನ ಹಾಳೆಯ ಮೇಲೆ ಕೋಸಿನ ಗುಡ್ಡೆ, ಮೊಳಕೆಕಾಳು, ಮಾಂಸ. ಮಗುಚಿದ ಮೇಲೆ ಕೋಸು ತನ್ನ ಹಬೆಯಲ್ಲೇ ಬೆಂದು ಕುಗ್ಗುತ್ತದೆ. ಆಮೇಲೆ ಅದು ನೂಡಲ್ಸ್ ಮತ್ತು ಮೊಟ್ಟೆಯ ಮೇಲೆ ಕೂರುತ್ತದೆ. ಯುದ್ಧಕ್ಕೆ ಮೊದಲು ಮಕ್ಕಳ ಪುಡಿಗಾಸಿನ ತಿಂಡಿಯಾಗಿದ್ದದ್ದು, 1945ರ ನಂತರ ಅಕ್ಕಿಗೆ ಬರ ಬಂದು ಅಮೆರಿಕದ ಗೋಧಿಹಿಟ್ಟು ಸಿಗತೊಡಗಿದಾಗ ಆ ಊರಿನ ಹೊಟ್ಟೆ ತುಂಬಿಸುವ ಊಟವಾಯಿತು. ಆ ಬಗೆಯನ್ನು ಮಾಡಲು ಅಗಲವಾದ ಕಬ್ಬಿಣದ ಹಂಚು ಬೇಕು. ಮನೆಯಲ್ಲಿ ನನಗೆ ಒಸಾಕಾದ ಬಗೆಯೇ ಅನುಕೂಲ.

ಸಸ್ಯಾಹಾರಿ ಗೆಳೆಯರಿಗೆ ಮಾಡುವಾಗ ಮಾಂಸ ಬಿಟ್ಟರೆ ಸಾಕು ಎಂದುಕೊಳ್ಳುವಂತಿಲ್ಲ. ಸಿದ್ಧ ಹಿಟ್ಟಿನ ಪೊಟ್ಟಣದಲ್ಲಿ ಸಾಮಾನ್ಯವಾಗಿ ಮೀನಿನ ಪುಡಿ ಇರುತ್ತದೆ, ಸಾಸಿನಲ್ಲಿ ಮಾಂಸದ ಅಥವಾ ಸಿಂಪಿಯ ಸಾರ ಇರಬಹುದು, ವೋರ್ಸ್ಟರ್ ಸಾಸಿನಲ್ಲೂ ಕೆಲವೊಮ್ಮೆ ಮೀನು ಇರುತ್ತದೆ. ಪೊಟ್ಟಣದ ಹಿಂದಿನ ಪಟ್ಟಿಯನ್ನು ಅವರೆದುರೇ ಓದಿ ಹೇಳುತ್ತೇನೆ. ದಾಶಿಯನ್ನು ಕೊಂಬು ಮತ್ತು ಒಣ ಶಿಟಾಕೆ ಅಣಬೆಯಿಂದ ಮಾಡಿ, ಮಾಂಸದ ಜಾಗದಲ್ಲಿ ಜೋಳದ ಕಾಳು, ಚೀಸ್ ಹಾಕುತ್ತೇನೆ. ಮೊಟ್ಟೆಯೂ ಬೇಡವೆಂದರೆ ನಾಗಾಇಮೊ ದುಪ್ಪಟ್ಟು ಹಾಕಿದರೆ ಚೆನ್ನಾಗಿಯೇ ಹಿಡಿದುಕೊಳ್ಳುತ್ತದೆ. ಬೆಂಗಳೂರಿನಲ್ಲಿ ಮಾಡುವವರಿಗೆ ಈ ಗೆಣಸು ಸಿಗದಿದ್ದರೆ, ಇನ್ನೊಂದು ಮೊಟ್ಟೆ ಮತ್ತು ಕಾಲು ಚಮಚ ಬೇಕಿಂಗ್ ಪೌಡರ್ ಹಾಕಿ. ನಮ್ಮ ಮೈದಾದಲ್ಲಿ ಜಿಗುಟು ಸ್ವಲ್ಪ ಹೆಚ್ಚಾದ್ದರಿಂದ ಕಡಿಮೆ ಕಲಸಿ.

ಸಿದ್ಧ ಹಿಟ್ಟು ಬಳಸುವವರಿಗೆ ಒಂದು ಎಚ್ಚರಿಕೆ. ತೆರೆದ ಪೊಟ್ಟಣವನ್ನು ಬೇಸಿಗೆಯ ಸೆಕೆಯಲ್ಲಿ ಹೊರಗಿಟ್ಟರೆ ಕಣ್ಣಿಗೆ ಕಾಣದ ನುಸಿ ಬೆಳೆಯುತ್ತದೆ. ಬೇಯಿಸಿದರೂ ಅದರ ಅಲರ್ಜಿಕಾರಕ ಅಂಶ ಹೋಗುವುದಿಲ್ಲ. ಅಂಥ ಹಿಟ್ಟಿನ ಒಕೊನೊಮಿಯಾಕಿ ತಿಂದು ಉಸಿರು ಕಟ್ಟಿ ಆಸ್ಪತ್ರೆ ಸೇರಿದ ಪ್ರಕರಣಗಳು ಜಪಾನಿನಲ್ಲಿ ದಾಖಲಾಗಿವೆ. ತೆರೆದದ್ದನ್ನು ಗಾಳಿಯಾಡದ ಡಬ್ಬಿಗೆ ಹಾಕಿ ಫ್ರಿಜ್ಜಿನಲ್ಲಿಡಿ, ಬೇಗ ಮುಗಿಸಿ.