ಅಂಟಕ್ಕಿ ಹೂರಣದ ಬೆಣ್ಣೆ ಬಿಸ್ಕತ್ತು: ನಾದದೆ ಮಾಡಲೇಬೇಡಿ

ಈಗಿನ ಹುಡುಗಿಯರು ಮೊಬೈಲಿನಲ್ಲಿ ಒಂದು ನಿಮಿಷದ ವಿಡಿಯೊ ನೋಡಿದ್ದೇ ತಡ, ಬಿಸ್ಕತ್ತಿನೊಳಗೆ ಅಕ್ಕಿ ಹೂರಣ ತುಂಬಲು ಹೊರಟುಬಿಡುತ್ತಾರೆ. ಓವನ್ ತೆಗೆದು ನೋಡಿದರೆ ಹೂರಣವೆಲ್ಲ ಒಡೆದು ತಟ್ಟೆಗೆ ಹರಿದಿರುತ್ತದೆ. ಹರಿಯದೆ ಉಳಿದದ್ದು ಮಾರನೇ ದಿನಕ್ಕೆ ಹಲ್ಲಿಗೆ ಬಗ್ಗುವುದಿಲ್ಲ. ಆಮೇಲೆ 'ಅಜ್ಜಿ, ಓವನ್ ಸರಿ ಇಲ್ಲ' ಅನ್ನುತ್ತಾರೆ. ಓವನ್ ಏನು ಮಾಡೀತು ಪಾಪ! ಹೂರಣವನ್ನು ಅರ್ಧಂಬರ್ಧ ಬೇಯಿಸಿ, ನಾದದೆ, ಬಿಸಿಬಿಸಿ ತುಂಬಿದವರು ಯಾರು?

ಮೊದಲು ಹಿಟ್ಟಿನ ವಿಷಯ. ಕಡಬಿಗೆಂದು ಬೀಸಿಸಿಟ್ಟ ಸೋನಾ ಮಸೂರಿ ಹಿಟ್ಟು ಇದಕ್ಕೆ ಬರುವುದಿಲ್ಲ. 'ಯಾವ್ದಾದ್ರೂ ಅಕ್ಕಿನೇ ಅಲ್ವಾ' ಅಂದರೆ ನನಗೆ ಸಿಟ್ಟು ಬರುತ್ತದೆ. ಭದ್ರಾ ನಾಲೆಯ ನೀರಲ್ಲಿ ಬೆಳೆದ ನಮ್ಮ ಅಕ್ಕಿ ಊಟಕ್ಕೆ ಚೆನ್ನ, ಅನ್ನ ಉದುರುದುರಾಗಿ ಬರುತ್ತದೆ. ಅದರ ಹಿಟ್ಟನ್ನು ಬೇಯಿಸಿ ಆರಲು ಬಿಟ್ಟರೆ ಮಾತ್ರ ಬಿಗಿದುಕೊಳ್ಳುತ್ತದೆ. ಹೋಂ ಸೈನ್ಸ್ ಓದಿದ ಮೊಮ್ಮಗಳು ಕಾರಣ ಬಿಡಿಸಿ ಹೇಳಿದಳು: ಅಕ್ಕಿಯ ಪಿಷ್ಟದಲ್ಲಿ ಅಮೈಲೋಸ್, ಅಮೈಲೊಪೆಕ್ಟಿನ್ ಅಂತ ಎರಡು ಬಗೆ. ಆರಿದ ಮೇಲೆ ಬೇಗ ಗಟ್ಟಿಯಾಗುವುದು ಅಮೈಲೋಸ್. ಅಂಟಕ್ಕಿಯಲ್ಲಿ ಅದು ಇಲ್ಲವೆನ್ನುವಷ್ಟು ಕಡಿಮೆ, ಹಾಗಾಗಿ ಎಳೆದರೆ ಎಳೆಯಾಗಿ ಬರುತ್ತದೆ. ಜಪಾನಿನವರು ಮೋಚಿ ಎಂಬ ಮೆತ್ತನೆಯ ಅಕ್ಕಿ ತಿನಿಸು ಮಾಡುವುದು ಇಂಥ ಅಕ್ಕಿಯಲ್ಲೇ. ಅಸ್ಸಾಮಿನವರು ಬಿಹು ಹಬ್ಬದ ಪಿಠಾ ಎಂಬ ಅಕ್ಕಿ ತಿಂಡಿಗೆ ಬಳಸುವ ಬೋರಾ ಅಕ್ಕಿಯೂ ಇದೇ ಜಾತಿ. ಪೊಟ್ಟಣದ ಮೇಲೆ ಗ್ಲುಟಿನಸ್ ರೈಸ್ ಅಂತಲೋ ಸ್ಟಿಕ್ಕಿ ರೈಸ್ ಅಂತಲೋ ಬರೆದಿರುತ್ತದೆ, ಓದಿ ತನ್ನಿ.

ಬೆಣ್ಣೆ ವಿಷಯಕ್ಕೆ ದಾವಣಗೆರೆಯವರಿಗೆ ನಾನು ಪಾಠ ಹೇಳಬೇಕಿಲ್ಲ, ಆದರೂ ಹೇಳುತ್ತೇನೆ. ದೋಸೆ ಮೇಲೆ ಇಡುವ ಬೆಣ್ಣೆಯನ್ನು ಹಾಗೇ ಬಿಸ್ಕತ್ತಿಗೆ ಹಾಕಬೇಡಿ. ಅದರಲ್ಲಿ ಮಜ್ಜಿಗೆ, ನೀರು ಎರಡೂ ಇರುತ್ತವೆ. ತಣ್ಣೀರಲ್ಲಿ ತೊಳೆಯಿರಿ, ನೀರು ತಿಳಿಯಾಗುವ ತನಕ ತೊಳೆಯಿರಿ, ಆಮೇಲೆ ಅಂಗೈಯಲ್ಲಿ ಒತ್ತಿ ಒತ್ತಿ ನೀರು ಹಿಂಡಿ. ಇಲ್ಲದಿದ್ದರೆ ಬಿಸ್ಕತ್ತು ಗರಿಯಾಗುವುದಿಲ್ಲ. ನಮ್ಮ ಕಾಲದಲ್ಲಿ ಮನೆಯಲ್ಲಿ ಓವನ್ ಎಲ್ಲಿತ್ತು? ಮೈದಾ, ಸಕ್ಕರೆ, ಬೆಣ್ಣೆ ಹೊತ್ತು ಬೇಕರಿಗೆ ಹೋದರೆ ಕೆಜಿಗಿಷ್ಟು ಅಂತ ಕೂಲಿ ಇಸಿದುಕೊಂಡು ಮಾಡಿಕೊಡುತ್ತಿದ್ದರು. ನಮ್ಮವ್ವ ಮಾತ್ರ ಬೆಣ್ಣೆಯನ್ನು ಮನೆಯಲ್ಲೇ ತೊಳೆದು, ಹಿಂಡಿ, ಒದ್ದೆ ಬಟ್ಟೆಯಲ್ಲಿ ಕಟ್ಟಿ ಒಯ್ಯುತ್ತಿದ್ದಳು. ಭಟ್ಟಿಯ ಮುಂದೆ ಸೆರಗು ಸುತ್ತಿಕೊಂಡು ನಿಂತಳೆಂದರೆ ಮಿಲ್ಲಿನ ಸೈರನ್ ಆದರೂ ಅಲ್ಲಾಡುತ್ತಿರಲಿಲ್ಲ, ತನ್ನ ಬೆಣ್ಣೆ ತನ್ನ ಬಿಸ್ಕತ್ತಿಗೇ ಬೀಳಬೇಕು. ಡಬ್ಬಿ ತುಂಬ ಬಿಸ್ಕತ್ತು ಹೊತ್ತು ಮನೆಗೆ ಬರುವಾಗ ದಾರಿಯಲ್ಲಿ ಸಿಕ್ಕವರಿಗೆಲ್ಲ ಒಂದೊಂದು ಕೊಡಬೇಕಿತ್ತು, ಅದೂ ಅವಳ ಕಟ್ಟಳೆ.

ಮೇಲಿನ ಕಣಕ ಗೊತ್ತಿರುವುದೇ: ಬೆಣ್ಣೆ, ಪುಡಿ ಸಕ್ಕರೆ ನುಣ್ಣಗೆ ತಿಕ್ಕಿ, ಹಿಡಿಯುವಷ್ಟು ಮೈದಾ, ಚಿಟಿಕೆ ಉಪ್ಪು, ತುಸು ಬೇಕಿಂಗ್ ಪೌಡರ್. ಕೂಡಿ ಬಂದರೆ ಸಾಕು, ಚಪಾತಿಗೆ ಕಲಸಿದಂತೆ ತಿಕ್ಕಬೇಡಿ.

ಇನ್ನು ಹೂರಣ. ಅಂಟಕ್ಕಿ ಹಿಟ್ಟಿಗೆ ಅದರ ಅರ್ಧದಷ್ಟು ಸಕ್ಕರೆ ಹಾಕಿ, ಗಂಟಿಲ್ಲದೆ ಹಾಲಲ್ಲಿ ತೆಳ್ಳಗೆ ಕಲಸಿ. ಸಿಹಿ ಕಡಿಮೆ ಇರಲಿ ಅಂತ ಸಕ್ಕರೆಗೆ ಕೈ ಹಿಡಿಯಬೇಡಿ, ಹೂರಣವನ್ನು ಮೆತ್ತಗೆ ಇಡುವುದು ಆ ಸಕ್ಕರೆಯೇ. ಬೆಲ್ಲ ಬೇಕೆನ್ನುವವರು ಹಾಲು ಬಿಟ್ಟು ನೀರಲ್ಲೋ ತೆಂಗಿನಹಾಲಲ್ಲೋ ಕರಗಿಸಿ ಸೋಸಿಕೊಳ್ಳಿ. ಬಿಸಿ ಹಾಲಿಗೆ ಬೆಲ್ಲ ಬಿದ್ದರೆ ಒಡೆಯುತ್ತದೆ. ತುಪ್ಪ ಸವರಿದ ತಟ್ಟೆಗೆ ಸುರಿದು ಇಡ್ಲಿ ಪಾತ್ರೆಯಲ್ಲಿ ಹಬೆಗಿಡಿ. ಮುಚ್ಚಳಕ್ಕೆ ಬಟ್ಟೆ ಕಟ್ಟಿ, ನೀರು ತೊಟ್ಟಿಕ್ಕಬಾರದು. ನಡುವೆ ಒಮ್ಮೆ ಕಲಕಿ. ಹಾಲಿನ ಬಿಳುಪು ಹೋಗಿ ಇಡೀ ಮುದ್ದೆ ಮಿರುಗತೊಡಗಿದರೆ ಬೆಂದಿದೆ. ಎಲ್ಲಾದರೂ ಬೆಳ್ಳಗೆ ಕಂಡರೆ ಮತ್ತೆ ಇಡಿ.

ಈಗ ನಾನು ಹೇಳುವುದನ್ನು ಗಮನವಿಟ್ಟು ಕೇಳಿ, ಎಲ್ಲರೂ ಎಡವುವುದು ಇಲ್ಲೇ. ಮುದ್ದೆ ಬಿಸಿ ಇರುವಾಗಲೇ ಅಗಲ ತಟ್ಟೆಗೆ ಹಾಕಿ, ಮೇಲೊಂದು ಉಂಡೆ ಬೆಣ್ಣೆ ಇಡಿ. ಕೈ ಹಚ್ಚಬೇಡಿ, ಸುಡುತ್ತದೆ, ಅಂಟುತ್ತದೆ. ಗಟ್ಟಿ ತಳದ ಹಿತ್ತಾಳೆ ಲೋಟಕ್ಕೆ ಬೆಣ್ಣೆ ಸವರಿ ಅದರ ತಳದಿಂದ ಒತ್ತಿ. ಒತ್ತಿ, ಸೌಟಿನಿಂದ ಮಡಚಿ, ತಟ್ಟೆ ತಿರುಗಿಸಿ, ಮತ್ತೆ ಒತ್ತಿ. ಮೊದಲು ಬೆಣ್ಣೆ ಒಳಗೆ ಹೋಗುವುದೇ ಇಲ್ಲ. ಮುದ್ದೆ ಜಾರುತ್ತದೆ, ತುಂಡು ತುಂಡಾಗುತ್ತದೆ, ಕೆಟ್ಟೇ ಹೋಯಿತು ಅನ್ನಿಸುತ್ತದೆ. ಹುಡುಗಿಯರು ಲೋಟ ಕೆಳಗಿಡುವುದು ಇದೇ ಗಳಿಗೆಯಲ್ಲಿ. ಬಿಡಬೇಡಿ! ರಾಗಿಮುದ್ದೆ ತಿರುವುವ ಕೈಯಿಗೆ ಇದೇನು ದೊಡ್ಡ ಕೆಲಸವಲ್ಲ. ಒತ್ತುತ್ತಾ ಹೋದಂತೆ ಬೆಣ್ಣೆ ಎಲ್ಲ ಹೀರಿಕೊಂಡು ಮುದ್ದೆ ನುಣ್ಣಗಾಗುತ್ತದೆ, ತಟ್ಟೆ ಬಿಟ್ಟು ಏಳುತ್ತದೆ. ಒಂದು ತುದಿ ಹಿಡಿದೆತ್ತಿದರೆ ಗೇಣುದ್ದ ಎಳೆದರೂ ಹರಿಯಬಾರದು. ಹರಿದರೆ ಇನ್ನೂ ಒತ್ತಿ. ಆಮೇಲೆ ಬೆಣ್ಣೆ ಸವರಿದ ಬಾಳೆ ಎಲೆಯನ್ನು ಮೈಗೆ ತಾಗುವಂತೆ ಮುಚ್ಚಿ ಆರಲು ಬಿಡಿ. ಗಾಳಿಗೆ ಬಿಟ್ಟರೆ ಮೇಲೆ ಸಿಪ್ಪೆ ಕಟ್ಟುತ್ತದೆ, ಒಮ್ಮೆ ಕಟ್ಟಿದರೆ ಮತ್ತೆ ನುಣುಪಾಗದು.

ಅಂಟಕ್ಕಿ ಮೆತ್ತಿದ ಪಾತ್ರೆಗೆ ಬಿಸಿನೀರು ಹೊಯ್ಯಬೇಡಿ, ಇನ್ನಷ್ಟು ಕಚ್ಚಿಕೊಳ್ಳುತ್ತದೆ. ತಣ್ಣೀರಲ್ಲಿ ನೆನೆಹಾಕಿ.

ಪೂರ್ತಿ ತಣ್ಣಗಾದ ಹೂರಣವನ್ನು ನೆಲ್ಲಿಕಾಯಿ ಗಾತ್ರ ಉಂಡೆ ಮಾಡಿ, ಅರ್ಧ ಗಂಟೆ ಫ್ರಿಜ್ಜಿನಲ್ಲಿಡಿ. ಕೈಗೆ ಅಂಟದಿರಲು ಅದೇ ಅಂಟಕ್ಕಿ ಹಿಟ್ಟನ್ನು ಹುರಿದು ಸವರಿಕೊಳ್ಳಿ, ಹಸಿ ಹಿಟ್ಟಾದರೆ ಬಾಯಿಗೆ ಹಸಿವಾಸನೆ. ಕಣಕದ ಬಟ್ಟಲಿನ ನಡುವೆ ದಪ್ಪ, ಅಂಚಿಗೆ ತೆಳು ಇರಲಿ, ಹೋಳಿಗೆಗೆ ಮಾಡುವಂತೆಯೇ. ಉಂಡೆಯಿಟ್ಟು ಅಂಚು ಕೂಡಿಸಿ, ಬಿರುಕಿಲ್ಲದಂತೆ ಮುಚ್ಚಿ, ಕೂಡಿಸಿದ ಕಡೆ ಕೆಳಗೆ ಬರುವಂತೆ ತಟ್ಟೆಗಿಡಿ. ಕೂದಲೆಳೆಯಷ್ಟು ಬಿರುಕಿದ್ದರೂ ಒಳಗಿನ ಹಬೆ ಅಲ್ಲಿಂದಲೇ ಹೂರಣ ನೂಕುತ್ತದೆ.

ಓವನ್ 180 ಡಿಗ್ರಿಗೆ ಚೆನ್ನಾಗಿ ಕಾದಿರಲಿ. 12ರಿಂದ 15 ನಿಮಿಷ ಸಾಕು, ಅಂಚು ಕೆಂಪಾಗಿ ನಡುವೆ ಇನ್ನೂ ಮೆತ್ತಗಿರುವಾಗಲೇ ತೆಗೆಯಿರಿ. ಗಟ್ಟಿಯಾಗಲಿ ಅಂತ ಒಳಗೇ ಬಿಟ್ಟರೆ ಹೂರಣ ಉಕ್ಕುತ್ತದೆ. ತಟ್ಟೆಯಲ್ಲೇ ಆರಿದರೆ ತಾನಾಗಿ ಬಿಗಿಯುತ್ತದೆ. ಬಿಸಿ ಇರುವಾಗ ಮಕ್ಕಳ ಕೈಗೆ ಕೊಡಬೇಡಿ, ಮೇಲೆ ತಣ್ಣಗಿದ್ದರೂ ಒಳಗಿನ ಅಂಟು ನಾಲಿಗೆಗೆ ಹತ್ತಿಕೊಂಡು ಬೊಬ್ಬೆ ಎಬ್ಬಿಸುತ್ತದೆ. ತೀರಾ ಚಿಕ್ಕ ಮಕ್ಕಳಿಗೆ, ಹಲ್ಲಿಲ್ಲದ ಮುದುಕರಿಗೆ ಇದು ಬೇಡವೇ ಬೇಡ, ಗಂಟಲಲ್ಲಿ ಸಿಕ್ಕೀತು.

ಮಾಡಿದ ಬಿಸ್ಕತ್ತನ್ನು ಫ್ರಿಜ್ಜಿಗೆ ತುರುಕಬೇಡಿ, ಅಂಟಕ್ಕಿಯೂ ಅಲ್ಲಿ ಗಟ್ಟಿಯಾಗುತ್ತದೆ. ಡಬ್ಬಿಯಲ್ಲಿಟ್ಟು ಮಾರನೇ ದಿನದೊಳಗೆ ತಿಂದು ಮುಗಿಸಿ. ನಮ್ಮ ಬೇಸಿಗೆಯಲ್ಲಾದರೆ ಹಾಲಿನ ಹೂರಣದ್ದನ್ನು ಅವತ್ತೇ ಹಂಚಿಬಿಡಿ. ಸ್ವಲ್ಪ ಬಿಗಿದಿದ್ದರೆ ದಪ್ಪ ತವಾ ಮೇಲಿಟ್ಟು, ಮುಚ್ಚಿ, ಸಣ್ಣ ಉರಿಯಲ್ಲಿ ಬೆಚ್ಚಗೆ ಮಾಡಿ, ಹೂರಣ ಮತ್ತೆ ಮೆತ್ತಗಾಗುತ್ತದೆ.